ಯೊಂಗ್‌ಸುವಿನ ಪಾಲು

ನೀರು ಏರಿದೆ, ನಿನ್ನೆಗಿಂತ ಒಂದು ಗೇಣು ಏರಿದೆ, ಚಳಿಗಾಲ ಪೂರ್ತಿ ತಗ್ಗಿಸಿಟ್ಟಿದ್ದ ಲಗೂನಿಗೆ, ಊರ ನಡುವಿನ ಆ ಕೆರೆಗೆ, ಮತ್ತೆ ಕೊಲ್ಲಿಯ ನೀರು ಬಿಟ್ಟಿದ್ದಾರೆ, ಕಲ್ಲಂಚಿನ ಪಾಚಿಯ ಗೆರೆ ಮುಳುಗಿಹೋಗಿದೆ, ಮೇಲೆ ನೀರು ನಿಂತಿದೆ ಅಷ್ಟೇ, ಗೆರೆ ಅಲ್ಲೇ ಇದೆ, ಎಂದುಕೊಂಡ ಪ್ಯೋ ದೊಂಗ್‌ಹ್ವಾನ್, ಎಂದುಕೊಂಡಿದ್ದು ತೀರ್ಪಿನ ವಾಕ್ಯದ ಹಾಗೆ ಕೇಳಿಸಿತು, ಎಪ್ಪತ್ತೆರಡು ತುಂಬಿದರೂ ತಲೆಯೊಳಗೆ ಒಬ್ಬ ಗುಮಾಸ್ತ ಕೂತು ಬಂದುಹೋಗುವ ಯೋಚನೆಗಳನ್ನೆಲ್ಲ ಬರೆದುಕೊಳ್ಳುತ್ತಲೇ ಇದ್ದಾನೆ — ಶನಿವಾರ, ಏಪ್ರಿಲ್, ಎರಡು ಸಾವಿರದ ಇಸವಿ, ಬೆಳಿಗ್ಗೆ ಎಂಟೂಕಾಲು, ಫಾಸ್ಟರ್ ಸಿಟಿ, ಹಾಜರಿದ್ದವರು ಬಾತುಗಳು — ದಾರಿಗಡ್ಡವಾಗಿ ಕೂತಿವೆ, ಕದಲುವುದಿಲ್ಲ, ಬಳಸಿಕೊಂಡು ಹೋಗಬೇಕಾದವನು ಅವನೇ. ಮನೆಗಳ ಸೂರಿಗೆ ತಾಗುವ ಹಾಗೆ ಒಂದು ವಿಮಾನ ಚಕ್ರ ಬಿಚ್ಚಿಕೊಂಡು ಇಳಿಯುತ್ತಿದೆ, ಸದ್ದು ಆಮೇಲೆ ಬರುತ್ತದೆ, ಮಗಳು ಸುನ್‌ಹೀ ಇನ್ನೂ ಮಲಗಿರುತ್ತಾಳೆ, ವಾರವಿಡೀ ಏಳಕ್ಕೆ ಹೊರಟು ಒಂಬತ್ತಕ್ಕೆ ಬರುವವಳು, ಅವಳ ಇಂಟರ್ನೆಟ್ ಕಂಪನಿಯ ಹೆಸರಿನ ನಡುವೆ ಒಂದು ಚುಕ್ಕೆ ಇದೆ, ಅಳಿಯನ ಕಂಪನಿಗೆ ಹೆಸರಿನ್ನೂ ನಿಕ್ಕಿಯಾಗಿಲ್ಲ, ಫ್ರೀವೇಯ ಇಕ್ಕೆಲದ ಜಾಹೀರಾತು ಹಲಗೆಗಳಲ್ಲೆಲ್ಲ ಚುಕ್ಕೆಗಳೇ, ಅಪ್ಪಾ ಇಲ್ಲಿ ಯಾವುದಕ್ಕೂ ಎರಡು ವರ್ಷಕ್ಕಿಂತ ಹೆಚ್ಚು ವಯಸ್ಸಾಗಿಲ್ಲ ಎಂದಿದ್ದಳು ಸುನ್‌ಹೀ, ಬಂದ ಹೊಸದರಲ್ಲಿ, ಹೆಮ್ಮೆಯಿಂದ, ಅವನಿಗೆ ಅದು ಸಮಾಧಾನದ ಮಾತಾಗಿ ಕೇಳಿಸಿತ್ತು, ಹಿಂದಿನದೇನೂ ಇಲ್ಲದ ಊರು, ಹೆಂಡತಿ ಸತ್ತ ಮೇಲೆ ಇಂಥ ಊರೇ ಸರಿ. ಕೋಟಿನ ಒಳಜೇಬಿನಲ್ಲಿ ಲಕೋಟೆ ಇದೆ, ಹೆಜ್ಜೆಗೊಮ್ಮೆ ಪಕ್ಕೆಗೆ ತಾಗುತ್ತದೆ, ಅಂಚೆಚೀಟಿ ಅಂಟಿಸಿಯಾಗಿದೆ, ಪಾರ್ಕಿಗೆ ತಿರುಗುವ ಮೂಲೆಯಲ್ಲಿ ನೀಲಿ ಅಂಚೆಪೆಟ್ಟಿಗೆ ಇದೆ, ಮೊನ್ನೆಯೂ ಇತ್ತು, ನಿನ್ನೆಯೂ ಇತ್ತು, ಎರಡು ದಿನವೂ ಅದನ್ನು ದಾಟಿಕೊಂಡು ಬಂದಿದ್ದಾನೆ.

ಪಾರ್ಕಿನ ಬೆಂಚಿನಾಕೆ ಮಂಗಳವಾರ ಊರಿಗೆ ಹೊರಡುತ್ತಾಳೆ, ಅಂಗೈಯನ್ನು ವಿಮಾನ ಮಾಡಿ ಹಾರಿಸಿ ತೋರಿಸಿದ್ದಳು, ಆಮೇಲೆ ಬೆರಳು ಮಡಿಸಿ ದಿನ ಎಣಿಸಿದ್ದಳು, ಬಂಗಾರೆವ್ವ, ಎದೆಯ ಮೇಲೆ ಕೈಯಿಟ್ಟುಕೊಂಡು ಮೊದಲ ದಿನವೇ ಹೆಸರು ಹೇಳಿದ್ದಳು, ಅವನು ಮೂರು ಸಲ ಪ್ರಯತ್ನಿಸಿದ್ದ, ಮೂರು ಸಲವೂ ನಕ್ಕಿದ್ದಳು, ತಾನು ಪ್ಯೋ ಎಂದಾಗ ಇನ್ನೂ ಜೋರಾಗಿ ನಕ್ಕು, ಪ್ಯೋ ಅಂದ್ರ ಮುಗೀತೇನ್ರಿ, ಇಷ್ಟ ಹೆಸರು, ಎಂದು ಅಲ್ಲಿಂದಾಚೆಗೆ ಪ್ಯೋ ಅಣ್ಣಾರ ಎಂದು ಕರೆಯತೊಡಗಿದ್ದಳು, ಆ ಮಾತುಗಳ ಅರ್ಥ ಅವನಿಗೆ ಇಂದಿಗೂ ತಿಳಿಯದು, ದನಿ ಮಾತ್ರ ತಿಳಿಯುತ್ತದೆ. ಅವನದೇ ವಯಸ್ಸಿರಬೇಕು, ಅಥವಾ ಎರಡು ವರ್ಷ ಕಡಿಮೆ, ಸೀರೆಯ ಮೇಲೆ ಮಗಳ ಸ್ವೆಟರ್, ಕಾಲಿಗೆ ಮಗಳ ಬಿಳಿ ಬೂಟು, ಹಣೆಯಲ್ಲಿ ಬೊಟ್ಟಿಲ್ಲ, ಗಂಡ ಇಲ್ಲ ಎಂದು ಕೈಸನ್ನೆಯಲ್ಲೇ ಹೇಳಿಕೊಂಡಿದ್ದಳು, ಅವನೂ ಹಾಗೇ ಹೇಳಿದ್ದ, ಇಂಡಿಯಾದವಳು, ಮಗಳ ಬಾಣಂತನಕ್ಕೆ ಬಂದವಳು, ಕೂಸನ್ನು ತಳ್ಳುಗಾಡಿಯಲ್ಲಿ ಮಲಗಿಸಿಕೊಂಡು ನವೆಂಬರಿನ ಒಂದು ಬೆಳಿಗ್ಗೆ ಆ ಬೆಂಚಿಗೆ ಬಂದವಳು ಆಮೇಲೆ ದಿನವೂ ಬಂದಳು. ಆಕೆ ತನ್ನ ಭಾಷೆಯಲ್ಲಿ ಮಾತಾಡುತ್ತಿದ್ದಳು, ಅವನು ತನ್ನ ಭಾಷೆಯಲ್ಲಿ, ಮೊದಮೊದಲು ಚಳಿ, ಬಾತು, ಕೂಸಿನ ನಿದ್ದೆ, ಬರಬರುತ್ತ ಅವನ ಮಾತು ಉದ್ದವಾಯಿತು, ಹೆಂಡತಿಯ ಕೊನೆಯ ತಿಂಗಳುಗಳನ್ನು ಹೇಳಿದ, ಮಗಳಿಗೂ ಹೇಳದ್ದನ್ನು ಹೇಳಿದ, ಆಕೆ ತಲೆಯಾಡಿಸುತ್ತ ಕೇಳಿ, ಈ ಬಿಸಲಿಗೆ ಎಲುಬು ಕಾಸ್ಕೋಬೇಕ್ರಿ ಅಣ್ಣಾರ, ಇಲ್ಲಂದ್ರ ಈ ಊರಿನ ಥಂಡಿ ಒಳಗ ಇಳಿದ ಕುಂದರತೈತಿ, ಎಂದಳು, ಅದು ಉತ್ತರದ ಹಾಗೇ ಇತ್ತು, ತನ್ನ ದುಃಖಕ್ಕೆ ಸರಿಯಾಗಿ ಅಳೆದು ಕೊಟ್ಟ ಉತ್ತರ ಎಂದುಕೊಂಡು ಅವನು ತಲೆ ಬಾಗಿಸಿದ್ದ. ನಲವತ್ತು ವರ್ಷ ಇನ್ನೊಬ್ಬರು ಹೇಳುವುದನ್ನು ಕೇಳಿಸಿಕೊಂಡವನು, ಎತ್ತರದ ಪೀಠದ ಮೇಲೆ, ಮುಖದಲ್ಲಿ ಏನೂ ಕಾಣಗೊಡದೆ, ಈಗ ತಾನೇ ಹೇಳುವವನಾಗಿ ಕೂತಾಗ ಬಾಯಿ ನಿಲ್ಲುವುದೇ ಇಲ್ಲ.

ಹೇಳಿದ್ದ, ಎಲ್ಲವನ್ನೂ ಹೇಳಿದ್ದ, ದಕ್ಷಿಣದ ಹಳ್ಳಿಯಲ್ಲಿ ಹುಟ್ಟಿದ್ದು, ಹದಿನೇಳರವರೆಗೆ ಶಾಲೆಯಲ್ಲಿ ಜಪಾನೀ ಭಾಷೆಯಲ್ಲೇ ಓದಿ, ದೇಶ ಬಿಡುಗಡೆಯಾದ ಮೇಲೆ ತನ್ನ ತಾಯಿನುಡಿಯ ಅಕ್ಷರಗಳನ್ನು ಕಳ್ಳನ ಹಾಗೆ ಕೂತು ಕಲಿತದ್ದು, ಯುದ್ಧದಲ್ಲಿ ಅಣ್ಣ ಕಾಣೆಯಾದದ್ದು, ಬಾಡಿಗೆ ಕೋಣೆಯಲ್ಲಿ ಕಂಬಳಿ ಹೊದ್ದು ಕಾನೂನು ಓದಿ ಪರೀಕ್ಷೆ ಗೆದ್ದದ್ದು, ಮೊದಲ ಸಲ ಕಪ್ಪು ನಿಲುವಂಗಿ ತೊಟ್ಟ ದಿನ ಅಮ್ಮ ಅದರ ಅಂಚನ್ನು ಮುಟ್ಟಿ ಮುಟ್ಟಿ ನೋಡಿದ್ದು, ಮತ್ತೆ ಎಂಬತ್ತೆಂಟರಲ್ಲಿ, ಹೊಸ ಸಂವಿಧಾನ ಬಂದು, ಸಂವಿಧಾನ ನ್ಯಾಯಾಲಯ ಎಂಬ ಹೊಸ ನ್ಯಾಯಾಲಯವೇ ಹುಟ್ಟಿ, ಅದರ ಒಂಬತ್ತು ಜನರಲ್ಲಿ ತಾನೊಬ್ಬನಾದದ್ದು — ಸ್ವಂತ ಕಟ್ಟಡವೂ ಇರಲಿಲ್ಲ, ಮೇಜುಗಳ ಕಾಲು ಅಲ್ಲಾಡುತ್ತಿದ್ದವು, ಆದರೆ ಊರೂರಿನಿಂದ ಜನ ಬಂದರು, ಮೀನು ಮಾರುವವಳು ಬಂದಳು, ಕೆಲಸ ಕಳೆದುಕೊಂಡ ಮೇಷ್ಟರು ಬಂದರು, ಈ ಕಾಯಿದೆ ನನ್ನನ್ನು ಮನುಷ್ಯನೆಂದು ಕಾಣುತ್ತಿಲ್ಲ ಎಂದು ಬರೆದ ಕಾಗದ ಹಿಡಿದು ಬಂದರು, ಆರು ವರ್ಷ, ಅಂಥ ಆರು ವರ್ಷ, ನ್ಯಾಯಮೂರ್ತಿ ಪ್ಯೋ ಎಂದರೆ ಮೃದು ಮನುಷ್ಯ, ಬಡವರ ಪರ ಮನುಷ್ಯ, ಪತ್ರಿಕೆಗಳು ಹಾಗೇ ಬರೆದವು, ಆತ್ಮಕಥೆ ಬರೆಯಿರಿ ಎಂದು ಸಿಯೋಲ್ ನಗರದ ಪ್ರಕಾಶಕ ಮೂರು ಸಲ ಫೋನು ಮಾಡಿದ್ದಾನೆ, ಬರೆದದ್ದು ಇನ್ನೂರು ಪುಟವಾಗಿದೆ, ಎಪ್ಪತ್ತೊಂದರಿಂದ ಎಪ್ಪತ್ತಮೂರಕ್ಕೆ ಹಾರುತ್ತದೆ, ನಡುವಿನ ಒಂದು ವರ್ಷ ಇಲ್ಲ, ಪ್ರಕಾಶಕನಿಗೆ ಅದು ಕಾಣಿಸಲೇ ಇಲ್ಲ.

ಆ ವರ್ಷವನ್ನು ಕೇಳಿಕೊಂಡು ಬಂದವಳು ಇನ್ನೊಬ್ಬಳು. ಜನವರಿಯಲ್ಲಿ, ಸುನ್‌ಹೀ ಕಾಗದವೊಂದನ್ನು ಪ್ರಿಂಟು ತೆಗೆದು ತಂದಳು, ಅಪ್ಪಾ ನಿಮಗೊಂದು ಇಮೇಲು ಬಂದಿದೆ, ನಿಮ್ಮ ಕಾಲೇಜಿನವರ ವೆಬ್‌ಸೈಟಿನಲ್ಲಿ ನನ್ನ ವಿಳಾಸ ಸಿಕ್ಕಿತಂತೆ, ಯಾರಪ್ಪ ಇವಳು, ಅವನು ಹಳೇ ಕೇಸು ಎಂದ, ಹಳೇ ಕೇಸು ಎಂದರೆ ಮಗಳು ಮತ್ತೆ ಕೇಳುವುದಿಲ್ಲ, ಚಿಕ್ಕಂದಿನಿಂದ ಹಾಗೇ ಬೆಳೆಸಿದ್ದು. ಮಾನ್ಯ ನ್ಯಾಯಮೂರ್ತಿಗಳೇ, ನಾನು ಮಾ ಯೊಂಗ್‌ಸುವಿನ ತಂಗಿ, ಅವತ್ತು ನನಗೆ ಹನ್ನೊಂದು ವರ್ಷ, ಮಕ್ಕಳನ್ನು ಒಳಗೆ ಬಿಡಲಿಲ್ಲ, ಬಾಗಿಲ ಹೊರಗೆ ಕೂತಿದ್ದೆ, ತಾವು ಶಿಕ್ಷೆ ಓದಿದ ಮೇಲೆ ಅಣ್ಣ ಏನೋ ಹೇಳಿದ, ದನಿ ಕೇಳಿಸಿತು, ಮಾತು ಕೇಳಿಸಲಿಲ್ಲ, ಅವತ್ತು ಒಳಗಿದ್ದವರನ್ನೆಲ್ಲ ಒಬ್ಬೊಬ್ಬರಾಗಿ ಹುಡುಕಿದೆ, ಎಲ್ಲರೂ ತೀರಿಕೊಂಡಿದ್ದಾರೆ, ತಾವೊಬ್ಬರೇ ಉಳಿದಿದ್ದೀರಿ, ಅಣ್ಣ ಏನೆಂದ, ನನಗೆ ಬೇರೇನೂ ಬೇಡ. ಅಷ್ಟೇ ಕಾಗದ. ಅಂದು ಮಧ್ಯಾಹ್ನ ಮಗಳ ಕಂಪ್ಯೂಟರಿನ ಮುಂದೆ ಕೂತು, ಒಂದೊಂದೇ ಅಕ್ಷರ ಒತ್ತಿ ಹುಡುಕಿದ, ಹಳೆಯ ತೀರ್ಪುಗಳನ್ನೆಲ್ಲ ಈಗ ಇಂಟರ್ನೆಟ್ಟಿಗೆ ಏರಿಸುತ್ತಿದ್ದಾರಲ್ಲ, ಸಿಕ್ಕಿತು, ಮೇಲಿನ ನ್ಯಾಯಾಲಯ ತನ್ನ ತೀರ್ಪನ್ನು ಎತ್ತಿಹಿಡಿದ ಆದೇಶ, ಕೆಳಗಿನ ಪೀಠ ಸಾಕ್ಷ್ಯವನ್ನು ಸರಿಯಾಗಿಯೇ ತೂಗಿದೆ, ಎಲ್ಲವೂ ಇದೆ, ಹೆಸರು ಮಾತ್ರ ಇಲ್ಲ, ಹೆಸರುಗಳನ್ನು ಮರೆಮಾಡಬೇಕೆಂಬ ನಿಯಮ, ಮಾ ಎಂದು ಮನೆತನದ ಹೆಸರು, ಆಮೇಲೆ ಎರಡು ಸೊನ್ನೆ, ಎರಡು ದುಂಡನೆಯ ಸೊನ್ನೆ, ನೋಡುತ್ತಾ ಕೂತರೆ ಅವು ಕಣ್ಣಾಗುತ್ತವೆ, ಅವನು ಕಂಪ್ಯೂಟರು ಆರಿಸಲು ಬಾರದೆ ಅದರ ಮೇಲೊಂದು ಟವೆಲು ಹೊದಿಸಿ ಎದ್ದು ಬಂದಿದ್ದ.

ಇಪ್ಪತ್ಮೂರು ವರ್ಷದ ಹುಡುಗ, ಅಕ್ಕಿ ಗಿರಣಿಯ ಕೂಲಿ, ಗಿರಣಿಯ ಯಜಮಾನನ ಹೆಣ ಹೊಟ್ಟಿನ ರಾಶಿಯೊಳಗೆ ಸಿಕ್ಕಿತ್ತು, ಹುಡುಗ ತಪ್ಪೊಪ್ಪಿಕೊಂಡಿದ್ದ, ಹೆಬ್ಬೆಟ್ಟು ಒತ್ತಿದ್ದ, ಆಮೇಲೆ ನ್ಯಾಯಾಲಯದಲ್ಲಿ ನಾನಲ್ಲ ಎಂದ, ಒಮ್ಮೆ ಮಾತ್ರ, ಮೆತ್ತಗೆ, ಎಷ್ಟು ಜೋರಿಲ್ಲದ ದನಿಯಲ್ಲಿ ಎಂದರೆ ಬರೆದುಕೊಳ್ಳುವವನು ಏನು ಏನು ಎಂದು ಎರಡು ಸಲ ಕೇಳಬೇಕಾಯಿತು. ಮೂರನೇ ವಿಚಾರಣೆಯ ದಿನ ಹುಡುಗ ಕೆಮ್ಮಿದ, ಕಾವಲಿನವನು ನೀರು ಕೊಟ್ಟ, ಹಿರಿಯರಿಂದ ತೆಗೆದುಕೊಳ್ಳುವಾಗ ತೆಗೆದುಕೊಳ್ಳುವ ಹಾಗೆ ಹುಡುಗ ಎರಡೂ ಕೈಯಿಂದ ಲೋಟ ತೆಗೆದುಕೊಂಡ, ಆಗ ಕಂಡದ್ದು, ಬಲಗೈಯ ಎರಡು ಬೆರಳಿಗೆ ಉಗುರಿರಲಿಲ್ಲ, ಉಗುರಿದ್ದ ಜಾಗದಲ್ಲಿ ಎಳೆಯ ಗುಲಾಬಿ ಚರ್ಮ, ಪೀಠದ ನಡುವೆ ಕೂತಿದ್ದವನು ತಾನು, ಅಕ್ಕಪಕ್ಕದ ಕಿರಿಯ ನ್ಯಾಯಾಧೀಶರಿಬ್ಬರೂ ಕಡತ ನೋಡುತ್ತಿದ್ದರು, ಕಂಡದ್ದು ತನಗೊಬ್ಬನಿಗೇ. ಬೆರಳಿಗೆ ಏನಾಯಿತು, ಇಷ್ಟೇ ಕೇಳಬೇಕಾಗಿದ್ದದ್ದು, ಮಾತು ನಾಲಗೆಯವರೆಗೆ ಬಂತು, ಗಡಿಯಾರದಲ್ಲಿ ನಾಲ್ಕಕ್ಕೆ ಹತ್ತು ನಿಮಿಷ, ಇನ್ನೂ ಎರಡು ಕೇಸು ಬಾಕಿ, ಆ ವರ್ಷ ಊರಲ್ಲೆಲ್ಲ ಸೈನ್ಯದ ಲಾರಿಗಳು, ಪೊಲೀಸಿನವರು ಏನು ಮಾಡಿದರು ಎಂದು ಯಾರೂ ಯಾರನ್ನೂ ಕೇಳದ ವರ್ಷ, ಗಿರಣಿಯ ಬೆಲ್ಟಿಗೆ ಸಿಕ್ಕು ಉಗುರು ಹೋಗುವುದುಂಟು ಎಂದು ತನಗೆ ತಾನೇ ಹೇಳಿಕೊಂಡ, ಪುಟ ತಿರುವಿದ. ಎರಡು ವಾರದ ನಂತರ ಶಿಕ್ಷೆ ಓದಿದ, ಮರಣದಂಡನೆ, ಓದಿ ಮುಗಿಸಿದಾಗ ಹುಡುಗ ಅಳಲಿಲ್ಲ, ಸೊಂಟ ಬಗ್ಗಿಸಿ ನಮಸ್ಕರಿಸಿ ಒಂದು ಮಾತು ಹೇಳಿದ, ಎರಡು ವರ್ಷವಾದ ಮೇಲೆ ಪತ್ರಿಕೆಯ ಒಳಪುಟದಲ್ಲಿ ಗಲ್ಲಿಗೇರಿಸಿದ ಸುದ್ದಿ, ನಾಲ್ಕು ಸಾಲು, ಬೆಳಗಿನ ಊಟಕ್ಕೆ ಕೂತಿದ್ದಾಗ, ಹೆಂಡತಿ ಮೂಲಂಗಿ ಸಾರು ಬಡಿಸುತ್ತಿದ್ದಳು, ಇನ್ನೊಂದು ಸೌಟು ಹಾಕಿಸಿಕೊಂಡು ಉಂಡದ್ದು ನೆನಪಿದೆ.

ಇದನ್ನು ಯಾರಿಗೂ ಹೇಳಲಿಲ್ಲ. ಬಂಗಾರೆವ್ವನಿಗೂ ಹೇಳಲಿಲ್ಲ, ಹೆಂಡತಿ, ಅಮ್ಮ, ಒಂಬತ್ತು ಜನರ ಪೀಠ, ಎಲ್ಲದರ ಕತೆಯನ್ನೂ ಆಕೆಗೆ ಹೇಳಿದ್ದ, ಇದೊಂದನ್ನು ಬಿಟ್ಟು, ಖಂಡಿತ ಬಿಟ್ಟು — ಆದರೂ ಫೆಬ್ರವರಿಯ ಆ ಬೆಳಿಗ್ಗೆ, ಎದುರು ದಂಡೆಯ ಮನೆಗಳೇ ಕಾಣದ ಹಾಗೆ ಮಂಜು ಕವಿದಿತ್ತು, ಆಕೆ ತಳ್ಳುಗಾಡಿಯ ಗಾಲಿಗೆ ಕಲ್ಲು ಒತ್ತುಗೊಟ್ಟು ಕೂತವಳು ಅವನ ಕಡೆ ತಿರುಗಿ, ಯಂಗ್ಸೂ ಹೆಂಗದಾನ್ರಿ ಅಣ್ಣಾರ, ಆರಾಮ ಅದಾನಿಲ್ಲೋ, ಎಂದಳು. ಉಳಿದದ್ದು ತಿಳಿಯದ ಭಾಷೆ, ನಡುವೆ ಆ ಹೆಸರು, ಸ್ವಲ್ಪ ಸೊಟ್ಟಗೆ, ಆದರೆ ಅದೇ ಹೆಸರು, ಇಪ್ಪತ್ತೆಂಟು ವರ್ಷದಲ್ಲಿ ಮನುಷ್ಯರ ಬಾಯಿಂದ ಮೊದಲ ಸಲ. ಕೇಳಿಸಿದ್ದು ಸುಳ್ಳೆಂದುಕೊಂಡ, ಆಕೆಯ ಭಾಷೆಯಲ್ಲಿ ಬೇರೆ ಏನನ್ನೋ ಹಾಗೆನ್ನುತ್ತಾರೆಂದುಕೊಂಡ, ಯೊಂಗ್‌ಸು ಎಂದು ತಾನೇ ಮೆಲ್ಲಗೆ ಹೇಳಿ ನೋಡಿದ, ಆಕೆ ಹೂಂ ಯಂಗ್ಸೂ ಎಂದು ತಲೆಯಾಡಿಸಿ, ಮಗನ ಬಗ್ಗೆ ಕೇಳುವ ಹೆಂಗಸರು ನಗುವ ಹಾಗೆ ನಕ್ಕಳು. ಹಾಗಾದರೆ ತಾನು ಹೇಳಿರಬೇಕು, ಹೇಳಿದ್ದು ತನಗೇ ತಿಳಿಯದ ಹಾಗೆ, ಎಷ್ಟು ಸಲ, ಯಾವ ಮಾತಿನ ನಡುವೆ, ಹೇಳಿಲ್ಲ ಎಂದು ಸಾಕ್ಷಿ ಪ್ರಮಾಣ ಮಾಡುತ್ತಾನೆ, ಸಾಕ್ಷಿಯನ್ನು ನಂಬುವುದಕ್ಕೆ ನ್ಯಾಯಾಧೀಶನಿಗೆ ಕಾರಣ ಬೇಕು, ಕಾರಣ ಇಲ್ಲ. ಮರುದಿನ ಆಕೆ ತಂದ ಬೆಳ್ಳಿಹಾಳೆಯ ಪೊಟ್ಟಣ ಒಂದಲ್ಲ, ಎರಡು, ಒಳಗೆ ಶೇಂಗಾ ಬೆಲ್ಲ ಅರೆದು ತುಂಬಿದ ತೆಳ್ಳನೆಯ ಸಿಹಿ ರೊಟ್ಟಿ, ಒಂದನ್ನು ಅವನ ಕೈಗಿಟ್ಟು, ಇದು ನಿಮ್ಗ, ಇನ್ನೊಂದನ್ನು ಅದರ ಮೇಲಿಟ್ಟು, ಇದು ಯಂಗ್ಸೂಗ, ಎಂದಳು, ಬೆರಳಿನಿಂದ ತೋರಿಸಿ ಹೇಳಿದ್ದರಿಂದ ತಿಳಿಯಿತು. ಎರಡನೆಯದನ್ನು ಕೋಟಿನ ಜೇಬಿಗಿಟ್ಟುಕೊಂಡ.

ವಾರಕ್ಕೆರಡು ಸಲ, ಹೀಗೆ. ತನ್ನದನ್ನು ತಿನ್ನುತ್ತಿದ್ದ, ರುಚಿಯಾಗಿತ್ತು, ಎರಡನೆಯದನ್ನು ತಿನ್ನಲೂ ಆಗದೆ ಎಸೆಯಲೂ ಆಗದೆ ಮನೆಗೆ ಒಯ್ದು ಮೇಜಿನ ಸೆಳೆಖಾನೆಯಲ್ಲಿ, ಆ ಇನ್ನೂರು ಪುಟಗಳ ಮೇಲಿಡುತ್ತಿದ್ದ, ಸುನ್‌ಹೀಯ ಮನೆಯಲ್ಲಿ ಇರುವೆಯೆಂದರೆ ಇರುವೆ, ಈ ಊರಿನ ಮನೆಗಳಿಗೆಲ್ಲ ಅದೇ ಕಾಟ, ಗೋಡೆಯ ಬಿರುಕಿನಿಂದ ಕಪ್ಪು ದಾರದ ಹಾಗೆ ಇಳಿಯುತ್ತವೆ, ಒಂದು ತೊಟ್ಟು ಜೇನು ಬಿದ್ದರೆ ಸಾಕು, ಅಳಿಯ ಔಷಧಿ ಹೊಡೆದು ಹೊಡೆದು ಸೋತಿದ್ದಾನೆ, ಆ ಸೆಳೆಖಾನೆಗೆ ಮಾತ್ರ ಒಂದೇ ಒಂದು ಇರುವೆ ಬರಲಿಲ್ಲ. ಮೇಜಿನ ಕಾಲಿನವರೆಗೆ ಬಂದ ಸಾಲು ಅಲ್ಲಿ ಸೀಳಿ, ಸುತ್ತುಹಾಕಿ, ಕಿಟಕಿಯ ಕಡೆ ಹೋಗುವುದನ್ನು ಅವನು ಕುರ್ಚಿ ಎಳೆದು ಕೂತು ಒಂದು ಗಂಟೆ ನೋಡಿದ್ದಾನೆ. ಎಂಟು ಪೊಟ್ಟಣ, ಒಂಬತ್ತು, ಹನ್ನೊಂದು, ಕೆಡಲೂ ಇಲ್ಲ, ಮುಗ್ಗಲು ವಾಸನೆಯಿಲ್ಲ, ತೆರೆದರೆ ಇವತ್ತು ಬೇಯಿಸಿದ ತುಪ್ಪದ ಪರಿಮಳ, ಮನೆಯಲ್ಲಿ ತಾನೊಬ್ಬನೇ ಇರುವ ಹಗಲುಗಳಲ್ಲಿ ಆ ಕೋಣೆಯ ಬಾಗಿಲನ್ನು ತೆರೆದೇ ಇಡುತ್ತಾನೆ, ಮುಚ್ಚಿದರೆ ಒಳಗೆ ಯಾರೋ ಮೆತ್ತಗೆ ಕೆಮ್ಮುತ್ತಾರೆ, ಅದು ನೀರು ಕಾಯಿಸುವ ಯಂತ್ರದ ಸದ್ದು ಎಂದು ಅಳಿಯ ಹೇಳಿದ್ದಾನೆ, ಇರಬಹುದು.

ಒಂದು ಅವಕಾಶ ಸಿಕ್ಕಿತ್ತು, ತೊಂಬತ್ತನಾಲ್ಕರಲ್ಲಿ, ಅವಧಿಯ ಕೊನೆಯ ವರ್ಷ, ಗಲ್ಲಿಗೆ ಕಾದಿದ್ದ ಕೈದಿಯೊಬ್ಬನ ಅರ್ಜಿ, ರಾಜ್ಯ ಮನುಷ್ಯನನ್ನು ಕೊಲ್ಲುವುದಕ್ಕೆ ಸಂವಿಧಾನದಲ್ಲಿ ಜಾಗವಿದೆಯೇ, ತನ್ನ ನ್ಯಾಯಾಲಯದ ಮುಂದೆಯೇ ಬಂದಿತ್ತು, ಹೆಚ್ಚಿನವರ ಮತ ಜಾಗವಿದೆ ಎಂಬ ಕಡೆ ವಾಲಿತ್ತು, ಅವನು ಭಿನ್ನಮತ ಬರೆಯಲು ಕೂತ, ಹನ್ನೆರಡು ಪುಟ, ಜೀವನದಲ್ಲಿ ಅಷ್ಟು ಸಲೀಸಾಗಿ ಯಾವುದನ್ನೂ ಬರೆದವನಲ್ಲ, ತೀರ್ಪು ತಪ್ಪೆಂದು ತಿಳಿದ ದಿನ ಅದನ್ನು ತಿದ್ದಲು ಆ ಮನುಷ್ಯ ಜೀವಂತ ಇರಬೇಕು, ಹೀಗೊಂದು ಸಾಲು ಬಂತು, ಬರೆದ ಪೆನ್ನು ಅಲ್ಲೇ ನಿಂತಿತು. ಎದ್ದು ಅಂಗಳಕ್ಕೆ ಹೋದ, ಹೊಸ ಕಟ್ಟಡದ ಹಿಂದೆ ಬಿಳಿ ತೊಗಟೆಯ ಹಳೇ ಪೈನ್ ಮರ, ಎಷ್ಟೋ ನೂರು ವರ್ಷದ್ದು, ಎರಡು ಕವಲಿನದು, ಅದರ ಕೆಳಗೆ ನಿಂತು ಲೆಕ್ಕ ಹಾಕಿದ, ರಾಜ್ಯ ಕೊಲ್ಲಬಾರದು ಎಂದು ಸಹಿ ಮಾಡಿದರೆ ಎಪ್ಪತ್ತೆರಡರಲ್ಲಿ ಮಾಡಿದ್ದು ಏನು, ಅದಕ್ಕೆ ಏನೆಂದು ಹೆಸರಿಡಬೇಕು, ಹೆಸರಿಡಬೇಕಾದವನು ಯಾರು. ಕೊಲ್ಲಬಹುದು ಎಂದರೆ ಆ ಹುಡುಗ ಕಾನೂನಿನ ಒಳಗೆ ಸತ್ತ, ಅಷ್ಟೇ, ಯಾರೂ ಕೊಲ್ಲಲಿಲ್ಲ. ಒಳಗೆ ಬಂದು ಹನ್ನೆರಡು ಪುಟವನ್ನು ಚಿಕ್ಕಚಿಕ್ಕದಾಗಿ ಹರಿದ, ಹೆಚ್ಚಿನವರ ತೀರ್ಪಿಗೆ ತನ್ನ ಮುದ್ರೆ ಒತ್ತಿದ, ಕೆಂಪು ಮಸಿ ಹೆಬ್ಬೆರಳಿಗೆ ಹತ್ತಿತು, ಮನೆಗೆ ಹೋಗಿ ಸೋಪು ಹಚ್ಚಿ ತೊಳೆಯುತ್ತಿದ್ದಾಗ ಹೆಂಡತಿ ಹಿಂದೆ ನಿಂತು, ಸಾಕು ಬಿಡಿ, ಚರ್ಮ ಕಿತ್ತು ಬರುತ್ತದೆ, ಎಂದಿದ್ದಳು.

ನೀಲಿ ಅಂಚೆಪೆಟ್ಟಿಗೆ ಬಂದೇಬಿಟ್ಟಿತು, ನಿಂತ. ಮೂರು ತಿಂಗಳು ಬರೆದ ಕಾಗದ, ಇಮೇಲಲ್ಲ, ಕೈಬರಹ, ಮಗಳ ಯಂತ್ರದ ಮೂಲಕ ಹೋಗುವ ಮಾತಲ್ಲ ಇದು, ಮೊದಲು ನಾಲ್ಕು ಪುಟ ಇತ್ತು, ಆ ಕಾಲ, ಆ ಒತ್ತಡ, ಮೇಲಿನ ಎರಡು ನ್ಯಾಯಾಲಯಗಳೂ ಒಪ್ಪಿದ್ದು, ಬರೆದು ಓದಿದರೆ ವಕೀಲನ ವಾದದ ಹಾಗಿತ್ತು, ಹೊಡೆದು ಹಾಕುತ್ತ ಹಾಕುತ್ತ ಉಳಿದದ್ದು ಐದು ಸಾಲು, ನಿಮ್ಮ ಅಣ್ಣ ನಮಗೆ ನಮಸ್ಕರಿಸಿ, ತಾವೆಲ್ಲ ಬಹಳ ಶ್ರಮ ತೆಗೆದುಕೊಂಡಿರಿ, ಎಂದರು. ದಿನದ ಕೆಲಸ ಮುಗಿಸಿ ಹೊರಡುವಾಗ ಯಜಮಾನರಿಗೆ ಹೇಳುವ ದನಿಯಲ್ಲಿ ಹೇಳಿದರು. ಅದಕ್ಕೆ ಮುಂಚೆ ಒಂದು ದಿನ ಅವರ ಬಲಗೈಯ ಎರಡು ಬೆರಳಿಗೆ ಉಗುರಿಲ್ಲದ್ದನ್ನು ನಾನು ನೋಡಿದೆ. ಏನಾಯಿತೆಂದು ಕೇಳಲಿಲ್ಲ. ಈ ಕಾಗದವನ್ನು ನೀವು ಯಾರಿಗೆ ಬೇಕಾದರೂ ತೋರಿಸಬಹುದು. ಕೆಳಗೆ ತನ್ನ ಹೆಸರು, ಮುದ್ರೆ. ಇದು ಹೋದರೆ ನ್ಯಾಯಮೂರ್ತಿ ಪ್ಯೋ ಇರುವುದಿಲ್ಲ, ಪತ್ರಿಕೆಯವರು ಸುನ್‌ಹೀಗೂ ಫೋನು ಮಾಡುತ್ತಾರೆ, ಅಪ್ಪಾ ಯಾರಪ್ಪ ಇವಳು ಎಂದು ಅವಳು ಎರಡನೇ ಸಲ ಕೇಳುತ್ತಾಳೆ — ಪೆಟ್ಟಿಗೆಯ ಬಾಯಿ ಎಳೆದ, ಕಿರ್ರೆಂದಿತು, ಲಕೋಟೆ ಇಟ್ಟ, ಕೈಬಿಟ್ಟ, ಒಳಗೆ ಬಿದ್ದ ಸದ್ದು ಬಹಳ ಚಿಕ್ಕದು. ಹಗುರವಾಗಬಹುದು ಎಂದುಕೊಂಡಿದ್ದ. ಬೆನ್ನ ಮೇಲಿನ ಭಾರ ಹಾಗೇ ಇತ್ತು, ಇವತ್ತು ಸ್ವಲ್ಪ ಹತ್ತಿರ ಬಂದ ಹಾಗೂ ಇತ್ತು.

ಬೆಂಚಿನ ಮೇಲೆ ಇವತ್ತು ಇಬ್ಬರಿದ್ದಾರೆ, ಬಂಗಾರೆವ್ವ ಮತ್ತು ಅವಳ ಪಕ್ಕ ಜೀನ್ಸ್ ತೊಟ್ಟ, ನಿದ್ದೆಗೆಟ್ಟ ಕಣ್ಣಿನ ಹೆಂಗಸು, ಕೂಸು ಅವಳ ತೊಡೆಯ ಮೇಲಿದೆ, ಮಗಳಿರಬೇಕು, ಹೌದು, ಎದ್ದು ನಿಂತು ಇಂಗ್ಲಿಷಿನಲ್ಲಿ ತನ್ನ ಹೆಸರು ಸಿಂಧು ಎಂದಳು, ಅಮ್ಮ ನಿಮ್ಮ ವಿಷಯ ದಿನಾ ಹೇಳುತ್ತಾರೆ ಅಂಕಲ್, ಹೊರಡುವ ಮುಂಚೆ ಒಂದು ಸಲ ನೀನು ಬಂದು ನನ್ನ ಮಾತು ಅವರಿಗೆ ದಾಟಿಸು ಎಂದು ಹಟ ಹಿಡಿದರು, ಎಂದಳು. ಬಂಗಾರೆವ್ವ ಮಗಳ ಮೊಣಕೈ ತಿವಿದು ಏನೋ ಅಂದಳು, ಕೇಳs, ಯಂಗ್ಸೂನ ಕೇಳs, ಸಿಂಧು ನಗುತ್ತ, ನಿಮ್ಮ ಮಗ ಯಂಗ್ಸೂ ಯಾಕೆ ಯಾವತ್ತೂ ಮುಂದೆ ಬಂದು ಮಾತಾಡುವುದಿಲ್ಲ ಎಂದು ಕೇಳುತ್ತಿದ್ದಾರೆ, ಅಮ್ಮನಿಗೆ ಅವರ ಎದುರಿಗೆ ನಿಂತು ಒಂದು ಮಾತಾಡಿ ಹೋಗಬೇಕಂತೆ, ಭಾಳ ಸಂಕೋಚದ ಹುಡುಗ ಅನ್ನುತ್ತಾರೆ. ಅವನು ನಿಂತೇ ಇದ್ದ. ಕೂತುಕೊಳ್ಳಿ ಎಂದು ಯಾರೂ ಹೇಳಲಿಲ್ಲ, ಹೇಳಿದ್ದರೂ ಕೂರುವಂತಿರಲಿಲ್ಲ, ಎದುರಿಗೆ ಬೆಂಚಿನ ಮೇಲೆ ಇಬ್ಬರು, ಕೂಸು ಸೇರಿ ಮೂವರು, ಮೂವರ ಪೀಠ, ತಾನು ನಿಂತವನು, ಕಾನೂನು ಪುಸ್ತಕಗಳಿಂದ ಕಲಿತ ಇಂಗ್ಲಿಷಿನಲ್ಲಿ ಒಂದೊಂದೇ ಮಾತು ಹುಡುಕಿ ಹೇಳಿದ, ನನ್ನ ಮಗನಲ್ಲ. ನಾನು ನ್ಯಾಯಾಧೀಶನಾಗಿದ್ದೆ. ಅವನನ್ನು ಸಾಯಿಸಿ ಎಂದು ಆದೇಶ ಕೊಟ್ಟವನು ನಾನು. ಅವನು ತಪ್ಪು ಮಾಡಿದ್ದನೋ ಇಲ್ಲವೋ ನನಗೆ ಗೊತ್ತಿಲ್ಲ. ಒಂದು ಪ್ರಶ್ನೆ ಕೇಳಿದ್ದರೆ ಗೊತ್ತಾಗುತ್ತಿತ್ತು.

ಸಿಂಧುವಿನ ನಗು ಹೋಯಿತು. ಕೂಸನ್ನು ಎದೆಗೆ ಸರಿಸಿಕೊಂಡಳು. ಏನಂದ್ರು, ಹೇಳs, ಎಂದಳು ಬಂಗಾರೆವ್ವ, ಸಿಂಧು ನೀರಿನ ಕಡೆ ನೋಡಿದಳು, ಅಮ್ಮನ ಕಡೆ ನೋಡಿದಳು, ಮೆಲ್ಲಗೆ, ಅವ್ವಾ, ಅವರ ಮಗಾ ತೀರ್ಕೊಂಡಾನಂತ, ಭಾಳ ವರ್ಷ ಆತಂತ, ಎಂದಳು. ಅವನಿಗೆ ಆ ಮಾತು ತಿಳಿಯದು, ತಾನು ಹೇಳಿದ್ದನ್ನೇ ದಾಟಿಸಿದ್ದಾಳೆ ಎಂದುಕೊಂಡ, ತನ್ನ ಮಾತು ಉದ್ದವಿತ್ತು, ಅವಳದು ಇಷ್ಟು ಚಿಕ್ಕದು, ಇರಲಿ, ಕೈಗಳನ್ನು ಮುಂದೆ ಜೋಡಿಸಿಕೊಂಡು, ತಲೆ ತಗ್ಗಿಸಿ, ತೀರ್ಪಿಗೆ ಕಾದ. ಬಂಗಾರೆವ್ವ ಅಳಲಿಲ್ಲ, ಹೌಹಾರಲಿಲ್ಲ, ಪಾಠ ತಪ್ಪಿ ಒಪ್ಪಿಸಿದ ಮಗುವನ್ನು ನೋಡುವ ಹಾಗೆ ಮಗಳನ್ನು ನೋಡಿ,

ತೀರ್ಕೊಂಡಾನ? ಹಂಗಾದ್ರ ದಿನಾ ಇವರ ಹಿಂದಿಂದ ನಡ್ಕೋತ ಬರಾಂವ ಯಾರs? ಈಗೂ ನಿಂತಾನಲ್ಲ.

ಎಂದಳು. ಆಕೆ ಏನೆಂದಳು ಎಂದು ಅವನು ಸಿಂಧುವನ್ನು ಕೇಳಿದ. ಸಿಂಧು, ಆರೋಗ್ಯ ನೋಡಿಕೊಳ್ಳಿ ಅಂದರು ಅಂಕಲ್, ಅಷ್ಟೇ, ಎಂದಳು, ಹೇಳುವಾಗ ತನ್ನ ಕೈಗಳನ್ನೇ ನೋಡಿಕೊಂಡಳು, ನಲವತ್ತು ವರ್ಷ ಸಾಕ್ಷಿಗಳನ್ನು ನೋಡಿದವನಿಗೆ ಇನ್ನೇನೂ ಬೇಕಾಗಿಲ್ಲ, ಸುಳ್ಳು, ಆದರೆ ಯಾವುದನ್ನು ಮುಚ್ಚುವ ಸುಳ್ಳು, ಅವಳ ತುಟಿಯ ಬಣ್ಣ ಯಾಕೆ ಹೋಗಿದೆ, ಕೂಸು ಯಾಕೆ ಅವನ ಹೆಗಲಾಚೆ ನೋಡಿ ಕಾಲು ಬಡಿಯುತ್ತಿದೆ. ಬಂಗಾರೆವ್ವ ಚೀಲಕ್ಕೆ ಕೈಹಾಕಿ ಒಂದು ಪೊಟ್ಟಣ ತೆಗೆದು ಅವನ ಕೈಗಿಟ್ಟ ಮೇಲೆ ಇನ್ನೊಂದನ್ನು ತೆಗೆದಳು, ಅದನ್ನು ಅದರ ಮೇಲಿಡಲಿಲ್ಲ. ಬೆಂಚಿನಿಂದ ಎದ್ದಳು, ಮಂಡಿ ಲಟಕ್ಕೆಂದಿತು, ಅವನ ಪಕ್ಕಕ್ಕೆ ಬಂದು, ಎಡಗಿವಿಯ ಹತ್ತಿರದಿಂದ ಪೊಟ್ಟಣ ಹಿಡಿದ ತೋಳನ್ನು ಅವನ ಹಿಂದಕ್ಕೆ ಚಾಚಿದಳು, ಸ್ವೆಟರಿನ ಉಣ್ಣೆ ಕೆನ್ನೆಗೆ ತಾಗಿತು, ತಗೋಪಾ, ನಾಚ್ಕೋಬ್ಯಾಡ, ಎಂದಳು, ತಿಳಿಯದ ಭಾಷೆ, ತಿಳಿಯುವ ದನಿ, ದೊಡ್ಡವರು ಸಂಕೋಚದ ಹುಡುಗನಿಗೆ ಹೇಳುವ ದನಿ. ತೋಳು ಅಲ್ಲೇ ನಿಂತಿತು. ಬಾತುಗಳು ಯಾವಾಗ ಎದ್ದು ಹೋದವೋ, ದಾರಿ ಖಾಲಿ, ನೀರು ಅಲುಗಾಡುತ್ತಿಲ್ಲ, ತಿರುಗಬೇಕು, ಕುತ್ತಿಗೆ ತಿರುಗುವುದಿಲ್ಲ, ಬೀಳುವ ಸದ್ದಿಗೆ ಕಾದ, ಕಲ್ಲಿನ ಮೇಲೋ ನೀರಿನೊಳಗೋ ಏನಾದರೂ ಬೀಳಬೇಕು, ಯಾವುದೂ ಬೀಳಲಿಲ್ಲ, ತೋಳು ಮೆಲ್ಲಗೆ ಮರಳಿತು, ಕೆನ್ನೆಯ ಪಕ್ಕದಿಂದ ಮುಂದಕ್ಕೆ ಬಂತು, ಕಣ್ಣೆದುರಿಗೆ ಬಂತು, ಮುದುಕಿಯ ಕೈ, ಅಂಗೈ ಮೇಲಾಗಿ, ಬೆರಳು ಬಿಚ್ಚಿ, ತುಪ್ಪದ ಹೊಳಪು ಅಷ್ಟೇ, ಖಾಲಿ ಕೈ — ತಿರುಗಬೇಕು — ಖಾಲಿ ಕೈ, ಬೆರಳು ಬಿಚ್ಚಿದ ಖಾಲಿ ಕೈ